ಕೊಳಚೆಗೂ ಜಗ್ಗದ ಕಿತ್ತಳೆ ರೆಕ್ಕೆ

ಏರೋಪ್ಲೇನ್ ಚಿಟ್ಟೆ ಹಾರಾಡುತ್ತಿದ್ದರೆ ಆ ನೀರು ಶುದ್ಧ ಎನ್ನುವವರು ಬಹಳ. ಬೆಂಗಳೂರಿನ ಮಡಿವಾಳ ಕೆರೆಯ ದಡದಲ್ಲಿ ಈ ಮಾತು ನಿಲ್ಲುವುದಿಲ್ಲ.

ಇಲ್ಲಿ ಎಲ್ಲಕ್ಕಿಂತ ಸುಲಭವಾಗಿ ಕಣ್ಣಿಗೆ ಬೀಳುವುದು ಡಿಚ್ ಜುವೆಲ್ ಎಂಬ ಏರೋಪ್ಲೇನ್ ಚಿಟ್ಟೆ. ಉದ್ದ ಮೂರು ಸೆಂಟಿಮೀಟರ್ ಆಸುಪಾಸು. ಗಂಡಿನ ಮೈ ಕಿತ್ತಳೆ. ರೆಕ್ಕೆಗಳಲ್ಲೂ ಬುಡದಿಂದ ತುದಿಯ ಹತ್ತಿರದವರೆಗೆ ಅದೇ ಬಣ್ಣ ಹರಡಿರುತ್ತದೆ. ಹೆಣ್ಣು ಮಾಸಲು ಹಳದಿ, ರೆಕ್ಕೆ ತಿಳಿ. ಹಾರುವುದು ನೀರಿಗೆ ತಾಗಿದಂತೆ, ಕೂರುವುದು ದಡದ ಹುಲ್ಲುಕಡ್ಡಿಯ ಮೇಲೆ. ಎಬ್ಬಿಸಿದರೆ ಒಂದು ಸುತ್ತು ಹೊಡೆದು ಮತ್ತೆ ಅಲ್ಲೇ ಹತ್ತಿರ ಬಂದು ಕೂರುತ್ತದೆ. ಕೀಟಶಾಸ್ತ್ರಜ್ಞ ಫ್ಯಾಬ್ರಿಷಿಯಸ್ 1793ರಲ್ಲೇ ಇದನ್ನು ವಿಜ್ಞಾನಕ್ಕೆ ಪರಿಚಯಿಸಿದ. ರಾಜಕಾಲುವೆ, ಚರಂಡಿ, ಕೊಳಚೆ ಸೇರಿದ ಕೆರೆ ಎಲ್ಲವೂ ಇದಕ್ಕೆ ಒಗ್ಗುತ್ತವೆ. ಇದರ ಸಂಖ್ಯೆ ನೋಡಿ ಕೆರೆಗೆ ಸರ್ಟಿಫಿಕೇಟ್ ಕೊಡುವುದು ತಪ್ಪು.

ಬೇರೆಯವಕ್ಕೆ ಆಗದ ನೀರನ್ನೇ ಮನೆ ಮಾಡಿಕೊಂಡ ಇನ್ನೊಂದು ಪುಟ್ಟ ಜಾತಿಯೂ ಉಂಟು: ರಾಫಿಸ್ಮಿಯಾ ಬೈಸ್ಪೈನಾ. ಆಗ್ನೇಯ ಏಷ್ಯಾದಿಂದ ಉತ್ತರ ಆಸ್ಟ್ರೇಲಿಯಾದವರೆಗಿನ ಕಾಂಡ್ಲಾ (ಮ್ಯಾಂಗ್ರೋವ್) ಕಾಡುಗಳ ಜೀವಿ ಅದು. ಏರೋಪ್ಲೇನ್ ಚಿಟ್ಟೆಗಳಲ್ಲಿ ಬಹುಪಾಲು ಉಪ್ಪುನೀರಿನತ್ತ ಸುಳಿಯುವುದೇ ಇಲ್ಲ. ನಮ್ಮ ಅಘನಾಶಿನಿಯ ಅಳಿವೆಯಲ್ಲೂ ಕಾಂಡ್ಲಾ ಇದೆ. ಆದರೆ ಬೆಂಗಳೂರಿನವರಿಗೆ ಉಪ್ಪಿಗಿಂತ ಕೊಳಚೆಯೇ ಹತ್ತಿರದ ವಿಷಯ.

ಏರೋಪ್ಲೇನ್ ಚಿಟ್ಟೆಗಳ ಬಾಳಿನ ದೊಡ್ಡ ಪಾಲು ನೀರೊಳಗೇ ಕಳೆಯುತ್ತದೆ. ಮರಿಯ ಕೆಳದುಟಿ ಮಡಚಿಟ್ಟ ಕೈಯಂತೆ ಗಲ್ಲದಡಿ ಇರುತ್ತದೆ. ಸೊಳ್ಳೆಮರಿ ಹತ್ತಿರ ಬಂತೋ, ಫಟ್ಟನೆ ಚಾಚಿ ಹಿಡಿಯುತ್ತದೆ. ಉಸಿರಾಟ ಹಿಂಭಾಗದಿಂದ! ಅಲ್ಲಿ ಎಳೆದುಕೊಂಡ ನೀರನ್ನೇ ರಭಸದಿಂದ ಹೊರಚಿಮ್ಮಿ ಮುಂದಕ್ಕೆ ನುಗ್ಗುವುದೂ ಉಂಟು. ಬಲಿತ ಮೇಲೆ ಜೊಂಡಿನ ಕಡ್ಡಿ ಹತ್ತಿ, ಬೆನ್ನು ಬಿರಿದು, ರೆಕ್ಕೆ ಬಿಚ್ಚಿ ಹಾರುತ್ತದೆ. ಪೊರೆ ಕಡ್ಡಿಗೆ ಅಂಟಿಕೊಂಡೇ ಉಳಿಯುತ್ತದೆ.

ಕೆರೆಯ ಆರೋಗ್ಯ ತಿಳಿಯಬೇಕಾದರೆ ಡಿಚ್ ಜುವೆಲ್ ಜೊತೆಗೆ ಇನ್ನಾರು ಇದ್ದಾರೆ ಎಂದು ನೋಡಬೇಕು. ಅದರಲ್ಲೂ ಕೂತಾಗ ರೆಕ್ಕೆ ಮಡಚುವ, ಸೂಜಿಯಷ್ಟು ತೆಳ್ಳಗಿನ ಡ್ಯಾಮ್ಸೆಲ್‌ಫ್ಲೈಗಳು. ಅವು ಮೊಟ್ಟೆಯಿಡುವುದು ನೀರಿನ ಗಿಡಗಳ ಕಾಂಡ, ಎಲೆಗಳೊಳಗೆ. ಡಿಚ್ ಜುವೆಲ್‌ಗೆ ಆ ಹಂಗಿಲ್ಲ, ಬಾಲದ ತುದಿಯನ್ನು ನೀರಿಗೆ ತಟ್ಟಿದರೆ ಸಾಕು. ಕೆರೆ ಸ್ವಚ್ಛಗೊಳಿಸುವ ಭರದಲ್ಲಿ ಕಳೆಯೊಂದಿಗೆ ದಡದ ಜೊಂಡನ್ನೂ ಬೋಳಿಸಿ, ಸುತ್ತ ಕಲ್ಲು ಕಟ್ಟಿಬಿಟ್ಟರೆ ಮೊದಲು ಜಾಗ ಖಾಲಿ ಮಾಡುವವು ಈ ಸೂಜಿಮೈಯವು. ಕಳೆ ತೆಗೆಯುವಾಗ ದಡದ ಒಂದಷ್ಟು ಜೊಂಡನ್ನು ಹಾಗೇ ಬಿಡಲು ಗುತ್ತಿಗೆದಾರರಿಗೆ ಹೇಳುವುದಕ್ಕೆ ಹೆಚ್ಚು ಖರ್ಚೇನೂ ಇಲ್ಲ.