ಪರ್ಸಿಸ್ ಖಂಬಾಟಾ

ಪರ್ಸಿಸ್ ಖಂಬಾಟಾ (2 ಅಕ್ಟೋಬರ್ 1948 – 18 ಆಗಸ್ಟ್ 1998) ಭಾರತದ ರೂಪದರ್ಶಿ, ಚಲನಚಿತ್ರ ನಟಿ ಹಾಗೂ ಲೇಖಕಿ. 1965ರಲ್ಲಿ ಫೆಮಿನಾ ಮಿಸ್ ಇಂಡಿಯಾ ಕಿರೀಟವನ್ನು ಪಡೆದ ಇವರು, 1979ರ ಹಾಲಿವುಡ್ ಚಿತ್ರ ‘ಸ್ಟಾರ್ ಟ್ರೆಕ್: ದ ಮೋಷನ್ ಪಿಕ್ಚರ್’ನಲ್ಲಿ ತಲೆಯನ್ನು ಪೂರ್ತಿ ಬೋಳಿಸಿಕೊಂಡು ನಿರ್ವಹಿಸಿದ ಇಲಿಯಾ ಪಾತ್ರದಿಂದ ಹಲವು ದೇಶಗಳ ಪ್ರೇಕ್ಷಕರಿಗೆ ಪರಿಚಿತರಾದರು. 1980ರಲ್ಲಿ ಆಸ್ಕರ್ ಸಮಾರಂಭದ ವೇದಿಕೆಯಲ್ಲಿ ಪ್ರಶಸ್ತಿ ಪ್ರದಾನ ಮಾಡಿದ ಮೊದಲ ಭಾರತೀಯ ಪ್ರಜೆ ಎಂಬ ಹೆಗ್ಗಳಿಕೆಯೂ ಇವರದು. ಆದರೆ ಆ ಬಳಿಕ ಇವರಿಗೆ ಪ್ರಧಾನ ಪಾತ್ರಗಳು ದೊರೆತದ್ದು ಬಹುಮಟ್ಟಿಗೆ ಬಿ-ಚಿತ್ರಗಳಲ್ಲಿ.

ಆರಂಭಿಕ ಜೀವನ

ಪರ್ಸಿಸ್ ಅವರು ಮುಂಬೈನ ಮಧ್ಯಮ ವರ್ಗದ ಪಾರ್ಸಿ ಕುಟುಂಬದಲ್ಲಿ ಜನಿಸಿದರು. ಇವರು ಎರಡು ವರ್ಷದ ಮಗುವಾಗಿದ್ದಾಗಲೇ ತಂದೆ ಕುಟುಂಬವನ್ನು ತೊರೆದರು. ಹದಿಹರೆಯದ ಆರಂಭದಲ್ಲಿ ತೆಗೆದ ಕೆಲವು ಛಾಯಾಚಿತ್ರಗಳು ಸಾಬೂನಿನ ಜಾಹೀರಾತಿನಲ್ಲಿ ಬಳಕೆಯಾದವು. ಅಲ್ಲಿಂದ ಇವರ ರೂಪದರ್ಶಿ ವೃತ್ತಿ ಆರಂಭವಾಯಿತು.

1965ರಲ್ಲಿ ಫೆಮಿನಾ ಮಿಸ್ ಇಂಡಿಯಾ ಸ್ಪರ್ಧೆಯಲ್ಲಿ ಗೆದ್ದಾಗ ಇವರಿಗೆ ಇನ್ನೂ 17 ತುಂಬಿರಲಿಲ್ಲ. ಹಿಂದಿನ ವರ್ಷ ಮೆಹರ್ ಕ್ಯಾಸ್ಟೆಲಿನೊ ಅವರ ಗೆಲುವಿನೊಂದಿಗೆ ಆರಂಭವಾಗಿದ್ದ ಈ ಸ್ಪರ್ಧೆಯ ಎರಡನೆಯ ವಿಜೇತೆ ಇವರು. ಅದೇ ವರ್ಷ ಅಮೆರಿಕದ ಮಯಾಮಿ ಬೀಚ್‌ನಲ್ಲಿ ನಡೆದ ಮಿಸ್ ಯೂನಿವರ್ಸ್ ಸ್ಪರ್ಧೆಯಲ್ಲಿ ಭಾರತವನ್ನು ಪ್ರತಿನಿಧಿಸಿದರು. ನೃತ್ಯಗಾರ್ತಿ ಇಂದ್ರಾಣಿ ರೆಹಮಾನ್ (1952) ಹಾಗೂ ಮೆಹರ್ ಅವರ ನಂತರ ಆ ವೇದಿಕೆಯನ್ನೇರಿದ ಮೂರನೆಯ ಭಾರತೀಯ ಮಹಿಳೆ ಇವರಾಗಿದ್ದರು.

ಚಿತ್ರರಂಗ ಪ್ರವೇಶ

ಇವರ ಮೊದಲ ಚಿತ್ರ ಖ್ವಾಜಾ ಅಹ್ಮದ್ ಅಬ್ಬಾಸ್ ನಿರ್ದೇಶನದ ಹಿಂದಿ ಚಿತ್ರ ‘ಬಂಬಯಿ ರಾತ್ ಕೀ ಬಾಹೋಂ ಮೇಂ’ (1967). ಅದರಲ್ಲಿ ಕ್ಯಾಬರೆ ಗಾಯಕಿಯ ಪಾತ್ರವನ್ನು ವಹಿಸಿದರು. ಹಿಂದಿ ಚಿತ್ರರಂಗದಲ್ಲಿ ನೆಲೆಯೂರುವ ಬದಲು ಪರ್ಸಿಸ್ ಅವರು ವಿದೇಶದಲ್ಲಿ ಅವಕಾಶವನ್ನು ಅರಸಿದರು.

1975ರಲ್ಲಿ ಇವರ ಎರಡು ಇಂಗ್ಲಿಷ್ ಚಿತ್ರಗಳು ತೆರೆಕಂಡವು. ದಕ್ಷಿಣ ಆಫ್ರಿಕಾದ ವರ್ಣಭೇದ ನೀತಿಯ ಹಿನ್ನೆಲೆಯುಳ್ಳ ‘ದ ವಿಲ್ಬಿ ಕಾನ್ಸ್‌ಪಿರಸಿ’ಯಲ್ಲಿ ಸಿಡ್ನಿ ಪಾಯ್ಟಿಯರ್ ಹಾಗೂ ಮೈಕೇಲ್ ಕೇನ್ ಅವರೊಂದಿಗೆ ನಟಿಸಿದರು. ಬ್ರಿಟಿಷ್ ಆಳ್ವಿಕೆಯ ಭಾರತದ ಸೈನಿಕ ತುಕಡಿಯೊಂದರ ಕಥೆಯಾದ ‘ಕಂಡಕ್ಟ್ ಅನ್‌ಬಿಕಮಿಂಗ್’ ಎರಡನೆಯದು.

ಇಲಿಯಾ ಪಾತ್ರ

1970ರ ದಶಕದ ಉತ್ತರಾರ್ಧದಲ್ಲಿ ಅಮೆರಿಕದ ಪ್ಯಾರಾಮೌಂಟ್ ಸಂಸ್ಥೆಯು ‘ಸ್ಟಾರ್ ಟ್ರೆಕ್: ಫೇಸ್ 2’ ಎಂಬ ದೂರದರ್ಶನ ಧಾರಾವಾಹಿಯ ಯೋಜನೆ ಹಾಕಿಕೊಂಡಿತ್ತು. ಡೆಲ್ಟಾ ಎಂಬ ಕಾಲ್ಪನಿಕ ಗ್ರಹದಿಂದ ಬಂದ, ತಲೆಗೂದಲಿಲ್ಲದ ನೌಕಾಧಿಕಾರಿ ಇಲಿಯಾಳ ಪಾತ್ರಕ್ಕೆ ಪರ್ಸಿಸ್ ಆಯ್ಕೆಯಾದರು. ಬಳಿಕ ಧಾರಾವಾಹಿಯ ಯೋಜನೆಯನ್ನು ಕೈಬಿಟ್ಟು ಅದನ್ನೇ ಚಲನಚಿತ್ರವಾಗಿಸಲು ತೀರ್ಮಾನಿಸಲಾಯಿತು. ಹೀಗೆ ವರ್ಷಗಟ್ಟಲೆ ನಡೆಯಬೇಕಿದ್ದ ಪಾತ್ರ ಒಂದೇ ಚಿತ್ರದಲ್ಲಿ ಮುಗಿಯಿತು.

‘ದ ಸೌಂಡ್ ಆಫ್ ಮ್ಯೂಸಿಕ್’ ಖ್ಯಾತಿಯ ರಾಬರ್ಟ್ ವೈಸ್ ನಿರ್ದೇಶಿಸಿದ ಈ ಚಿತ್ರ 7 ಡಿಸೆಂಬರ್ 1979ರಂದು ಬಿಡುಗಡೆಯಾಯಿತು. ಕಥೆಯ ನಡುವೆ ಇಲಿಯಾಳನ್ನು ಅಪರಿಚಿತ ಯಂತ್ರಶಕ್ತಿಯೊಂದು ಅಪಹರಿಸಿ, ಅವಳದೇ ರೂಪದ ಯಂತ್ರವನ್ನು ನೌಕೆಗೆ ಕಳುಹಿಸುತ್ತದೆ. ಆದ್ದರಿಂದ ಪರ್ಸಿಸ್ ಅವರು ಒಂದೇ ಮುಖದಲ್ಲಿ ಎರಡು ಪಾತ್ರಗಳನ್ನು ನಿರ್ವಹಿಸಬೇಕಾಯಿತು: ಭಾವನೆಗಳುಳ್ಳ ಇಲಿಯಾ ಮತ್ತು ನಿರ್ಭಾವುಕವಾಗಿ ಮಾತನಾಡುವ ಯಂತ್ರ. ಆ ಯಂತ್ರದೊಳಗೆ ಇಲಿಯಾಳ ನೆನಪುಗಳು ಮರುಕಳಿಸುವ ದೃಶ್ಯಗಳಲ್ಲಿ ಇವೆರಡೂ ಬೆರೆಯುತ್ತವೆ. ಈ ಪಾತ್ರಕ್ಕಾಗಿ ಇವರು ಸ್ಯಾಟರ್ನ್ ಪ್ರಶಸ್ತಿಯ ಅತ್ಯುತ್ತಮ ನಟಿ ವಿಭಾಗದಲ್ಲಿ ನಾಮನಿರ್ದೇಶನಗೊಂಡರು. ರೂಪದರ್ಶಿಯೊಬ್ಬರು ತಮ್ಮ ಚೆಲುವಿನ ಭಾಗವೆನಿಸಿದ ಕೇಶವನ್ನೇ ತ್ಯಜಿಸಿದ್ದು ಅಂದಿನ ಪತ್ರಿಕೆಗಳಲ್ಲಿ ಬಹಳ ಚರ್ಚೆಯಾದ ಸಂಗತಿ.

ಬಿ-ಚಿತ್ರಗಳ ಅವಧಿ

1930 ಮತ್ತು 40ರ ದಶಕಗಳಲ್ಲಿ ಅಮೆರಿಕದ ಚಿತ್ರಮಂದಿರಗಳು ಒಂದೇ ಟಿಕೆಟಿಗೆ ಎರಡು ಚಿತ್ರಗಳನ್ನು ತೋರಿಸುತ್ತಿದ್ದವು. ಮುಖ್ಯ ಚಿತ್ರದ ಜೊತೆಗೆ ತೋರಿಸುತ್ತಿದ್ದ ಅಲ್ಪ ವೆಚ್ಚದ ಚಿತ್ರಕ್ಕೆ ಬಿ-ಚಿತ್ರ ಎಂಬ ಹೆಸರಿತ್ತು. ಮುಂದೆ ಆ ಪದ್ಧತಿ ನಿಂತರೂ, ಅಗ್ಗದಲ್ಲಿ ತಯಾರಾಗುವ ಸಾಹಸ, ಭಯಾನಕ ಮತ್ತು ವೈಜ್ಞಾನಿಕ ಕಲ್ಪನೆಯ ಚಿತ್ರಗಳಿಗೆ ಅದೇ ಹೆಸರು ಉಳಿಯಿತು. ಭಾರತದಲ್ಲಿ ‘ಬಿ-ಗ್ರೇಡ್’ ಎಂದರೆ ಅಶ್ಲೀಲ ಚಿತ್ರವೆಂಬ ಅರ್ಥವೂ ರೂಢಿಯಲ್ಲಿದೆ; ಇಲ್ಲಿ ಆ ಅರ್ಥ ಅನ್ವಯಿಸುವುದಿಲ್ಲ.

1981ರ ‘ನೈಟ್‌ಹಾಕ್ಸ್’ ಚಿತ್ರದಲ್ಲಿ ಸಿಲ್ವೆಸ್ಟರ್ ಸ್ಟಲೋನ್ ಎದುರು ಭಯೋತ್ಪಾದಕಿಯಾಗಿ ನಟಿಸಿದ ಬಳಿಕ ಇವರ ಚಿತ್ರಗಳ ದರ್ಜೆ ಇಳಿಯುತ್ತ ಹೋಯಿತು. ‘ಮೆಗಾಫೋರ್ಸ್’ (1982) ಬಿ-ಚಿತ್ರಗಳಿಗಿಂತ ಹೆಚ್ಚಿನ ವೆಚ್ಚದಲ್ಲಿ ತಯಾರಾದರೂ ಸೋಲನ್ನು ಕಂಡು, ಕಳಪೆ ಚಿತ್ರಗಳಿಗೆ ನೀಡುವ ಗೋಲ್ಡನ್ ರಾಸ್ಬೆರಿಗೆ ನಾಮನಿರ್ದೇಶನಗೊಂಡಿತು. ಇಟಲಿಯಲ್ಲಿ ತಯಾರಾದ ‘ವಾರಿಯರ್ ಆಫ್ ದ ಲಾಸ್ಟ್ ವರ್ಲ್ಡ್’ (1983) ಮತ್ತು ಮಹಿಳಾ ಯೋಧರ ಕಥೆಯುಳ್ಳ ‘ಫೀನಿಕ್ಸ್ ದ ವಾರಿಯರ್’ (1988) ಎರಡೂ ನಾಗರಿಕತೆ ನಾಶವಾದ ಮೇಲಿನ ಲೋಕವನ್ನು ಕಲ್ಪಿಸಿಕೊಂಡ ಅಪ್ಪಟ ಬಿ-ಚಿತ್ರಗಳು. ಜೇಮ್ಸ್ ಬಾಂಡ್ ಸರಣಿಯ ‘ಆಕ್ಟೋಪಸಿ’ (1983) ಚಿತ್ರದ ಶೀರ್ಷಿಕೆ ಪಾತ್ರಕ್ಕೆ ಇವರ ಹೆಸರು ಪರಿಶೀಲನೆಯಲ್ಲಿತ್ತು. ಕಥೆಯ ಬಹುಭಾಗ ಭಾರತದಲ್ಲಿ ನಡೆಯುವ ಆ ಚಿತ್ರದ ಪಾತ್ರ ಕೊನೆಗೆ ಸ್ವೀಡನ್ನಿನ ಮಾಡ್ ಆಡಮ್ಸ್ ಅವರಿಗೆ ಹೋಯಿತು.

ಈ ಇಳಿಕೆಯನ್ನು ನಟನೆಯ ಅಳತೆಗೋಲಿನಿಂದ ಮಾತ್ರ ನೋಡಲಾಗದು. ಇವರ ಪಾತ್ರಗಳನ್ನು ಸಾಲಾಗಿ ಇಟ್ಟರೆ ಅನ್ಯಗ್ರಹದವಳು, ಭಯೋತ್ಪಾದಕಿ, ಕಾಲ್ಪನಿಕ ದೇಶದ ಅಧ್ಯಕ್ಷನ ಮಗಳು, ಯೋಧೆ ಎಂಬ ಪಟ್ಟಿ ಸಿಗುತ್ತದೆ. ಅಮೆರಿಕದ ಸಾಮಾನ್ಯ ಗೃಹಿಣಿಯೋ ಉದ್ಯೋಗಸ್ಥೆಯೋ ಅದರಲ್ಲಿಲ್ಲ. ಜೊತೆಗೆ ಆರೋಗ್ಯವೂ ಕೈಕೊಟ್ಟಿತು. 1980ರಲ್ಲಿ ಜರ್ಮನಿಯಲ್ಲಿ ನಡೆದ ಕಾರು ಅಪಘಾತದಲ್ಲಿ ತಲೆಗೆ ತೀವ್ರ ಗಾಯವಾಯಿತು. 1983ರಲ್ಲಿ, 35ರ ಹರೆಯದ ಆಸುಪಾಸಿನಲ್ಲೇ, ಹೃದಯದ ಬೈಪಾಸ್ ಶಸ್ತ್ರಚಿಕಿತ್ಸೆಗೆ ಒಳಗಾಗಬೇಕಾಯಿತು.

ಕೊನೆಯ ವರ್ಷಗಳು

1985ರಲ್ಲಿ ಮುಂಬೈಗೆ ಮರಳಿ ‘ಶಿಂಗೋರಾ’ ಎಂಬ ಹಿಂದಿ ಧಾರಾವಾಹಿಯಲ್ಲಿ ಅಭಿನಯಿಸಿದರು. ಅಮೆರಿಕದ ‘ಮ್ಯಾಕ್‌ಗೈವರ್’ ಮುಂತಾದ ಧಾರಾವಾಹಿಗಳಲ್ಲಿಯೂ ಅತಿಥಿ ಪಾತ್ರಗಳನ್ನು ವಹಿಸಿದರು. 1993ರ ‘ಲೋಯಿಸ್ ಅಂಡ್ ಕ್ಲಾರ್ಕ್’ ಧಾರಾವಾಹಿಯ ಮೊದಲ ಸಂಚಿಕೆಯ ಪಾತ್ರವೇ ಇವರ ಕೊನೆಯ ಅಭಿನಯ.

1997ರಲ್ಲಿ ಮಿಸ್ ಇಂಡಿಯಾ ವಿಜೇತೆಯರ ಕುರಿತ ‘ಪ್ರೈಡ್ ಆಫ್ ಇಂಡಿಯಾ’ ಎಂಬ ಇಂಗ್ಲಿಷ್ ಪುಸ್ತಕವನ್ನು ಪ್ರಕಟಿಸಿದರು. ಅದನ್ನು ಮದರ್ ತೆರೇಸಾ ಅವರಿಗೆ ಅರ್ಪಿಸಿ, ಗೌರವಧನದ ಒಂದು ಪಾಲನ್ನು ಮಿಷನರೀಸ್ ಆಫ್ ಚಾರಿಟಿಗೆ ನೀಡಿದರು. ಮರುವರ್ಷ ಎದೆನೋವು ಕಾಣಿಸಿಕೊಂಡು ದಕ್ಷಿಣ ಮುಂಬೈನ ಆಸ್ಪತ್ರೆಗೆ ದಾಖಲಾದ ಇವರು 18 ಆಗಸ್ಟ್ 1998ರಂದು ಹೃದಯಾಘಾತದಿಂದ ನಿಧನರಾದರು. ಆಗ ಇವರಿಗೆ 49 ವರ್ಷ.

ಪರಂಪರೆ

‘ವಾರಿಯರ್ ಆಫ್ ದ ಲಾಸ್ಟ್ ವರ್ಲ್ಡ್’ ಚಿತ್ರವನ್ನು 1993ರಲ್ಲಿ ಕಳಪೆ ಚಿತ್ರಗಳನ್ನು ಗೇಲಿ ಮಾಡುವ ‘ಮಿಸ್ಟರಿ ಸೈನ್ಸ್ ಥಿಯೇಟರ್ 3000’ ಎಂಬ ಅಮೆರಿಕದ ದೂರದರ್ಶನ ಕಾರ್ಯಕ್ರಮ ಬಳಸಿಕೊಂಡಿತು. ಇತ್ತ ‘ಸ್ಟಾರ್ ಟ್ರೆಕ್’ ಚಿತ್ರದ ನಿರ್ದೇಶಕರ ಆವೃತ್ತಿ 2001ರಲ್ಲಿ ಹೊರಬಂದು, 2022ರಲ್ಲಿ ಮತ್ತೆ ನವೀಕರಣಗೊಂಡಿದೆ. ಹೀಗಾಗಿ ಇವರ ಅತ್ಯಂತ ಮೇಲ್ಮಟ್ಟದ ಮತ್ತು ಕೆಳದರ್ಜೆಯ ಚಿತ್ರಗಳೆರಡಕ್ಕೂ ಇಂದಿಗೂ ಪ್ರೇಕ್ಷಕರಿದ್ದಾರೆ.

ಸೌಂದರ್ಯ ಸ್ಪರ್ಧೆಯಿಂದ ಚಿತ್ರರಂಗಕ್ಕೆ ಸಾಗುವ ಹಾದಿ ಈಗ ಕರ್ನಾಟಕಕ್ಕೂ ಪರಿಚಿತ. ಮಿಸ್ ಸುಪ್ರಾನ್ಯಾಷನಲ್ ಕಿರೀಟವನ್ನು 2014ರಲ್ಲಿ ಪಡೆದ ಶಿವಮೊಗ್ಗ ಜಿಲ್ಲೆಯ ಭದ್ರಾವತಿಯ ಆಶಾ ಭಟ್ ‘ಜಂಗ್ಲಿ’ (2019) ಹಾಗೂ ‘ರಾಬರ್ಟ್’ (2021) ಚಿತ್ರಗಳಲ್ಲಿ, 2016ರಲ್ಲಿ ಪಡೆದ ಮಂಗಳೂರಿನ ಶ್ರೀನಿಧಿ ಶೆಟ್ಟಿ ‘ಕೆ.ಜಿ.ಎಫ್.’ ಚಿತ್ರಗಳಲ್ಲಿ ನಟಿಸಿದರು. ಅವರಿಗಿಂತ ಅರ್ಧ ಶತಮಾನದ ಹಿಂದೆ, ಭಾರತೀಯ ನಟಿಯರು ಹಾಲಿವುಡ್‌ನಲ್ಲಿ ತೀರ ವಿರಳವಾಗಿದ್ದ ಕಾಲದಲ್ಲಿ, ಪರ್ಸಿಸ್ ಅವರು ಆ ಹಾದಿಯನ್ನು ತುಳಿದಿದ್ದರು.