ಒಂದು ಮುಖ, ಎರಡು ಅಂತ್ಯ

ಹಿಮ ಸುರಿಯುತ್ತಿದೆ, ಸದ್ದಿಲ್ಲ. ಬಿರುಗಾಳಿಗೆ ಸಿಕ್ಕ ಜಾರುಬಂಡಿ ಮುಂದೆ ಹೋಗಲಾರದೆ ನಿಂತಿದೆ. ಅದರಲ್ಲಿದ್ದ ಹೆಂಗಸನ್ನು ಸೇನಾಧಿಕಾರಿಯೊಬ್ಬ ತನ್ನ ಬಂಡಿಗೆ ಹತ್ತಿಸಿಕೊಳ್ಳುತ್ತಾನೆ. ಮುಖಕ್ಕೆ ದಟ್ಟ ಪರದೆ, ಯಾರೋ, ಎಂಥವಳೋ. ದಾರಿಬದಿಯ ತಂಗುಮನೆ ಸೇರಿದ ಮೇಲೆ ಅವಳು ಪರದೆ ಎತ್ತುತ್ತಾಳೆ. ಅವನಿಗೆ ಮಾತೇ ಹೊರಡದು. ಮೂಕಿ ಚಿತ್ರದಲ್ಲಿ ಮಾತು ಹೊರಡದಿರುವುದನ್ನೂ ಕಣ್ಣಲ್ಲೇ ತೋರಿಸಬೇಕು.

ಅವಳು ಗ್ರೆಟಾ ಗಾರ್ಬೊ, ಅವನು ಜಾನ್ ಗಿಲ್ಬರ್ಟ್. ಟಾಲ್‌ಸ್ಟಾಯ್ ಬರೆದ ‘ಅನ್ನಾ ಕರೆನಿನ’ವನ್ನು 1927ರಲ್ಲಿ ಹಾಲಿವುಡ್ಡಿನ ಎಂಜಿಎಂ ಸ್ಟುಡಿಯೊ ತೆರೆಗೆ ತಂದಿತು, ನಿರ್ದೇಶನ ಎಡ್ಮಂಡ್ ಗೌಲ್ಡಿಂಗ್. ಹೆಸರು ಮಾತ್ರ ‘ಲವ್’. ತೆರೆಯಾಚೆಗೂ ಈ ಜೋಡಿಯ ಪ್ರೇಮ ಜನರ ಬಾಯಲ್ಲಿತ್ತು. ‘ಗಾರ್ಬೊ ಅಂಡ್ ಗಿಲ್ಬರ್ಟ್ ಇನ್ ಲವ್’ ಎಂದು ಜಾಹೀರಾತು ಬರೆದರೆ ಸಿನಿಮಾದ ಹೆಸರೂ ಆಯಿತು, ಗಾಳಿಸುದ್ದಿಗೆ ಮುದ್ರೆಯೂ ಬಿತ್ತು! ಎಂಟು ಭಾಗಗಳ ಕಾದಂಬರಿ ಒಂದೂವರೆ ಗಂಟೆಯೊಳಗೆ ಇಳಿಯಬೇಕಲ್ಲ. ಕಾದಂಬರಿಯ ಇನ್ನೊಬ್ಬ ನಾಯಕ, ಜಮೀನುದಾರ ಲೆವಿನ್ನನೂ ಅವನ ಹೊಲಗದ್ದೆಯೂ ಹೊರಗೇ ಉಳಿದವು.

ಉಳಿದದ್ದು ಅನ್ನಾಳ ಮುಖ. ಕುದುರೆ ಪಂದ್ಯದಲ್ಲಿ ಅವಳ ಪ್ರೇಮಿ, ಅದೇ ಸೇನಾಧಿಕಾರಿ ವ್ರಾನ್‌ಸ್ಕಿ ಉರುಳಿಬೀಳುತ್ತಾನೆ. ಅವಳ ಮುಖದ ಬಿಗಿ ಅಷ್ಟೂ ಜನರ ನಡುವೆ ಸಡಿಲುತ್ತದೆ. ನಮಗೇನೂ ಕೇಳಿಸುವುದಿಲ್ಲ; ಗಂಡ ಕರೆನಿನ್‌ಗೆ ಎಲ್ಲವೂ ಕೇಳಿಸಿಬಿಟ್ಟಿದೆ. ಮುಂದೆ, ಬಿಟ್ಟುಹೋದ ಮಗನನ್ನು ನೋಡಲು ತನ್ನದೇ ಮನೆಗೆ ಕದ್ದು ಬರುತ್ತಾಳೆ. ವ್ರಾನ್‌ಸ್ಕಿಯನ್ನು ಅಪ್ಪಿದಾಗಲೂ ಕಾಣದ ಹಸಿವು ಮಗುವನ್ನು ಅವಚಿಕೊಂಡ ಆ ಕೈಗಳಲ್ಲಿದೆ.

ಕೊನೆಗೆ ಬರಬೇಕಾದದ್ದು ರೈಲು, ಕಾದಂಬರಿಯಲ್ಲಿ ಅನ್ನಾ ಅದರಡಿ ಬಿದ್ದು ಸಾಯುತ್ತಾಳೆ. ಅದನ್ನು ಚಿತ್ರೀಕರಿಸಿದರು. ಜೊತೆಗೆ ಇನ್ನೊಂದು ಅಂತ್ಯವನ್ನೂ ಚಿತ್ರೀಕರಿಸಿದರು: ಮೂರು ವರ್ಷ ಕಳೆದಿದೆ, ಕರೆನಿನ್ ತೀರಿಕೊಂಡಿದ್ದಾನೆ, ಮಗ ಓದುವ ಸೈನಿಕ ಶಾಲೆಯಲ್ಲಿ ಪ್ರೇಮಿಗಳು ಮತ್ತೆ ಎದುರಾಗುತ್ತಾರೆ. ಯಾವುದು ಬೇಕೋ ಅದನ್ನು ಥಿಯೇಟರಿನವರೇ ಆರಿಸಿಕೊಳ್ಳಬಹುದಿತ್ತು. ಹಾಗಾಗಿ ಒಂದೂರಿನಲ್ಲಿ ಸತ್ತ ಅನ್ನಾ ಇನ್ನೊಂದೂರಿನಲ್ಲಿ ಬದುಕಿದ್ದಳು. ಆದರೆ ಸುಖಾಂತ್ಯದ ಅಪ್ಪುಗೆಯನ್ನು ನಂಬುವುದು ಕಷ್ಟ. ಮಗನ ಕೋಣೆಯಿಂದ ಹೊರಬಿದ್ದ ಆ ಮುಖವನ್ನು ಆಗಲೇ ನೋಡಿರುತ್ತೇವಲ್ಲ.

1935ರಲ್ಲಿ ಅದೇ ಸ್ಟುಡಿಯೊ ಅದೇ ಕಥೆಯನ್ನು ಟಾಕಿಯಾಗಿ ತೆಗೆಯಿತು. ಅನ್ನಾ ಮತ್ತೆ ಗಾರ್ಬೊ. ಈ ಸಲ ರೈಲು ತಪ್ಪದೆ ಬಂತು. ಅದರ ಸದ್ದೂ ಕೇಳಿಸಿತು.