ವಿದ್ಯಾರ್ಥಿವೇತನದ ಅಳತೆಗೋಲು

ವಿಜಯಪುರ ಜಿಲ್ಲೆಯ ಇಂಡಿ ತಾಲ್ಲೂಕಿಗೆ ಸೇರಿದ ಸಾಲೋಟಗಿಯಲ್ಲಿ ದೊರೆತ ಕ್ರಿ.ಶ. 945ರ ಶಾಸನವು, ರಾಷ್ಟ್ರಕೂಟ ಚಕ್ರವರ್ತಿಯಾದ ಮೂರನೆಯ ಕೃಷ್ಣನ ಮಂತ್ರಿ ನಾರಾಯಣನೆಂಬಾತನು ಅಲ್ಲಿ ಕಟ್ಟಿಸಿದ ಶಾಲೆಯನ್ನೂ, ನಾನಾ ಜನಪದಗಳಿಂದ ಬಂದು ಅಲ್ಲಿ ನೆಲಸಿದ ವಿದ್ಯಾರ್ಥಿಗಳ ವಸತಿಗೆ ಬಿಟ್ಟ ಇಪ್ಪತ್ತೇಳು ನಿವೇಶನಗಳನ್ನೂ, ಅವರ ಗ್ರಾಸಕ್ಕೆಂದು ಕೊಟ್ಟ ಭೂಮಿಯನ್ನೂ, ರಾತ್ರಿ ಓದಿನ ದೀಪಕ್ಕೆಂದು ಪ್ರತ್ಯೇಕವಾಗಿ ತೆಗೆದಿರಿಸಿದ ಹೊಲವನ್ನೂ ಹೇಳುತ್ತದೆ. ಊರಿನಲ್ಲಿ ಮದುವೆಯಾದರೆ ಇಷ್ಟು, ಉಪನಯನವಾದರೆ ಇಷ್ಟು ಎಂದು ಶಾಲೆಗೆ ಸಲ್ಲಬೇಕಾದ ಕಾಣಿಕೆಯನ್ನು ಕೂಡ ಅದು ಗೊತ್ತುಪಡಿಸಿದೆ. ವಸತಿ, ಊಟ, ಬೆಳಕು ಎಂದು ಲೆಕ್ಕವನ್ನು ಬೇರೆಬೇರೆಯಾಗಿ ಬರೆಸಿದ ಆ ದಾನಿಗಳಿಗೆ ಇಂದಿನ ಹಾಸ್ಟೆಲ್ ವಾರ್ಡನ್ನರಿಗಿರುವಷ್ಟೇ ವ್ಯವಹಾರಜ್ಞಾನವಿದ್ದಿತೆಂದು ಹೇಳಬೇಕು. ಆದರೆ ಅಲ್ಲಿ ಸ್ಪರ್ಧೆಯೆಂಬುದಕ್ಕೆ ಅವಕಾಶ ಅಲ್ಪವಾಗಿತ್ತು. ಆ ಅನ್ನಕ್ಕೂ ಆ ದೀಪಕ್ಕೂ ಯಾರು ಅರ್ಹರೆಂಬುದನ್ನು ಅವರ ಹುಟ್ಟೇ ಮುಂಚಿತವಾಗಿ ತೀರ್ಮಾನಿಸಿಬಿಟ್ಟಿತ್ತು.

ಪ್ರಕೃತ ಕಾಲದ ವಿದ್ಯಾರ್ಥಿವೇತನವಾದರೋ ಬೇರೆ ಬಗೆಯದು. ಕೇಳುವವರು ಅನೇಕರು, ಕೊಡುವ ಹಣ ಪರಿಮಿತ; ಆದುದರಿಂದ ಕೊಡುವಾತನು, ಆತನು ಅರಸನಾಗಲಿ ಸರ್ಕಾರವಾಗಲಿ ಉದ್ಯಮಪತಿಯಾಗಲಿ, ಕೈಯಲ್ಲಿ ಒಂದು ಅಳತೆಗೋಲನ್ನು ಹಿಡಿದೇ ನಿಲ್ಲಬೇಕಾಗುತ್ತದೆ. ಆ ಕೋಲು ಯಾವುದನ್ನು ಅಳೆಯುವುದೋ ಅದನ್ನು ತೋರಿಸುವುದರಲ್ಲಿಯೇ ವಿದ್ಯಾರ್ಥಿಗಳು ಒಬ್ಬರನ್ನೊಬ್ಬರು ಮೀರಿಸಲು ಹೆಣಗುತ್ತಾರೆ. ಹೀಗಾಗಿ ಒಂದು ವೇತನವನ್ನು ಕುರಿತು ವಿಚಾರಿಸುವಾಗ ಮೊತ್ತವೆಷ್ಟೆಂಬುದಕ್ಕಿಂತ ಮೊದಲು, ಅದು ಏನನ್ನು ಅಳೆಯುತ್ತದೆ, ಅಳೆದು ಕೊಟ್ಟ ಮೇಲೆ ಏನನ್ನು ಮರಳಿ ಬಯಸುತ್ತದೆ ಎಂಬುದನ್ನು ಕೇಳುವುದು ಯುಕ್ತವೆಂದು ನನ್ನ ಮತ.

ನಮ್ಮ ಅಜ್ಜಂದಿರ ಕಾಲದ ವಾರಾನ್ನವನ್ನೇ ನೋಡಬಹುದು. ಸೋಮವಾರ ವಕೀಲರ ಮನೆ, ಮಂಗಳವಾರ ಶಾನುಭೋಗರ ಮನೆ ಎಂದು ವಾರದ ಏಳು ದಿನಕ್ಕೆ ಏಳು ಮನೆಗಳನ್ನು ಗೊತ್ತುಮಾಡಿಕೊಂಡು ಹೈಸ್ಕೂಲು ಕಾಲೇಜುಗಳನ್ನು ಮುಗಿಸಿದವರು ಹಳೆಯ ಮೈಸೂರಿನಲ್ಲಿ ಅಸಂಖ್ಯಾತರು. ಆ ಪಂಕ್ತಿಯಲ್ಲಿ ಎಲೆ ದೊರೆಯುವುದಕ್ಕೆ ಬುದ್ಧಿಗಿಂತ ವಿನಯ ಮುಖ್ಯವಾಗಿತ್ತು, ವಿನಯಕ್ಕಿಂತ ಜಾತಿ ಮುಖ್ಯವಾಗಿತ್ತು. ಇಂಗ್ಲೆಂಡಿನಲ್ಲಿಯೂ ಕೇಂಬ್ರಿಜ್ಜಿನ ಕಾಲೇಜುಗಳು ‘ಸೈಜರ್’ ಎಂಬ ಹೆಸರಿನಿಂದ ಬಡ ಹುಡುಗರನ್ನು ಸೇರಿಸಿಕೊಂಡು, ಶುಲ್ಕದಲ್ಲಿ ರಿಯಾಯಿತಿ ತೋರಿ, ಅದಕ್ಕೆ ಪ್ರತಿಯಾಗಿ ಸಿರಿವಂತ ಸಹಪಾಠಿಗಳ ಮತ್ತು ಅಧ್ಯಾಪಕರ ಪರಿಚರ್ಯೆಯನ್ನು ಅವರಿಂದ ಮಾಡಿಸಿಕೊಳ್ಳುತ್ತಿದ್ದವು. 1661ರಲ್ಲಿ ಟ್ರಿನಿಟಿ ಕಾಲೇಜನ್ನು ಪ್ರವೇಶಿಸಿದ ಐಸಾಕ್ ನ್ಯೂಟನ್ ಅದಕ್ಕೂ ಕೆಳಗಿನ ‘ಸಬ್‌ಸೈಜರ್’ ದರ್ಜೆಯವನು. 1664ರಲ್ಲಿ ಕಾಲೇಜಿನ ‘ಸ್ಕಾಲರ್’ ಆಗಿ ಚುನಾಯಿತನಾದ ಮೇಲೆಯೇ ಆತನಿಗೆ ಆ ಊಳಿಗ ತಪ್ಪಿದ್ದು.

ಜಾತಿಯ ಗಡಿಯಿಂದ ಹೊರಗಿದ್ದವರಿಗೆ ವಾರಾನ್ನದ ಪಂಕ್ತಿಯೂ ಇರಲಿಲ್ಲವಷ್ಟೆ. ಅಂಥವರಿಗಾಗಿ ಮಂಗಳೂರಿನಲ್ಲಿ ಕುದ್ಮುಲ್ ರಂಗರಾಯರು 1897ರಲ್ಲಿ ಸ್ಥಾಪಿಸಿದ ಸಂಸ್ಥೆಯ ಶಾಲೆಗಳೂ, ಮುಂದೆ ಧಾರವಾಡದ ಮುರುಘಾಮಠ, ತುಮಕೂರಿನ ಸಿದ್ಧಗಂಗಾ ಮಠ ಮೊದಲಾದೆಡೆಗಳಲ್ಲಿ ಬಡ ವಿದ್ಯಾರ್ಥಿಗಳಿಗೆಂದು ತೆರೆದ ಉಚಿತ ಪ್ರಸಾದ ನಿಲಯಗಳೂ ಈ ನಾಡಿನ ವಿದ್ಯಾಭ್ಯಾಸದ ಚರಿತ್ರೆಯಲ್ಲಿ ಯಾವ ವಿಶ್ವವಿದ್ಯಾನಿಲಯಕ್ಕೂ ಕಡಿಮೆಯಲ್ಲದ ಸ್ಥಾನವನ್ನು ಪಡೆಯತಕ್ಕವು.

ಇನ್ನು ಸಂಸ್ಥಾನದ ಬೊಕ್ಕಸದಿಂದ ಕೊಡುತ್ತಿದ್ದ ವೇತನದ ಮಾತು. ಬೆಂಗಳೂರಿನಲ್ಲಿ ಮನೆಪಾಠ ಹೇಳಿ ಹೊಟ್ಟೆ ಹೊರೆದುಕೊಂಡು ಸೆಂಟ್ರಲ್ ಕಾಲೇಜಿನಿಂದ 1881ರಲ್ಲಿ ಬಿ.ಎ. ಪದವೀಧರನಾದ ಮುದ್ದೇನಹಳ್ಳಿಯ ತರುಣನೊಬ್ಬನನ್ನು ಮೈಸೂರು ಸರ್ಕಾರವು ತನ್ನ ವೆಚ್ಚದಲ್ಲಿ ಪುಣೆಯ ವಿಜ್ಞಾನ ಕಾಲೇಜಿಗೆ ಕಳುಹಿಸಿತು. ಆತನು 1883ರ ಎಂಜಿನಿಯರಿಂಗ್ ಪರೀಕ್ಷೆಯಲ್ಲಿ ಮೊದಲಿಗನಾಗಿ ತೇರ್ಗಡೆಯಾಗಿ, ಮೈಸೂರಿಗೆ ಮರಳುವುದಕ್ಕೆ ಬದಲಾಗಿ ಮುಂಬಯಿ ಸರ್ಕಾರದ ಸೇವೆಗೆ ಸೇರಿದನು. ಕೊಟ್ಟ ಹಣ ಪರರ ಪಾಲಾಯಿತೆಂದು ಆಗಿನ ಲೆಕ್ಕಪತ್ರದವರು ನಿಟ್ಟುಸಿರುಬಿಟ್ಟಿದ್ದರೆ ಆಶ್ಚರ್ಯವಿಲ್ಲ. ಸುಮಾರು ಇಪ್ಪತ್ತೈದು ವರ್ಷಗಳ ಅನಂತರ, 1909ರಲ್ಲಿ, ಆ ತರುಣನೇ ಆದ ವಿಶ್ವೇಶ್ವರಯ್ಯನವರು ಮುಖ್ಯ ಎಂಜಿನಿಯರರಾಗಿ ಮೈಸೂರಿಗೆ ಬಂದರು, 1912ರಲ್ಲಿ ದಿವಾನರಾದರು. ವಿದ್ಯಾರ್ಥಿವೇತನದ ಫಲವನ್ನು ವಾರ್ಷಿಕ ಆಯವ್ಯಯದ ಪಟ್ಟಿಯಲ್ಲಿ ಹುಡುಕುವವರು ಈ ಇಪ್ಪತ್ತೈದು ವರ್ಷಗಳನ್ನು ಮರೆಯಲಾಗದು.

ಅಳತೆಗೋಲು ತಪ್ಪಿದರೆ ಏನಾಗುವುದೆಂಬುದಕ್ಕೆ ಶ್ರೀನಿವಾಸ ರಾಮಾನುಜನ್ನರ ಚರಿತ್ರೆಗಿಂತ ಸ್ಪಷ್ಟವಾದ ನಿದರ್ಶನವನ್ನು ನಾನು ಕಾಣೆ. 1904ರಲ್ಲಿ ಕುಂಭಕೋಣದ ಸರ್ಕಾರಿ ಕಾಲೇಜನ್ನು ಸೇರಿದಾಗ ಅವರ ಕೈಯಲ್ಲಿ ವಿದ್ಯಾರ್ಥಿವೇತನವಿದ್ದಿತು. ಆದರೆ ಗಣಿತದಲ್ಲಿ ಮುಳುಗಿ ಇತರ ವಿಷಯಗಳನ್ನು ಕಡೆಗಣಿಸಿದ ಆ ಹುಡುಗನು ಇಂಗ್ಲಿಷಿನಲ್ಲಿ ತೇರ್ಗಡೆಯಾಗಲಾರದೆ ಮೇಲಿನ ತರಗತಿಗೆ ಬಡ್ತಿಯನ್ನೂ, ಅದರೊಡನೆ ವೇತನವನ್ನೂ ಕಳೆದುಕೊಂಡನು. ತಂದೆ ಬಟ್ಟೆಯಂಗಡಿಯೊಂದರ ಗುಮಾಸ್ತರು. ವೇತನವಿಲ್ಲದೆ ಓದು ಸಾಗುವಂತಿರಲಿಲ್ಲ. 1905ರಲ್ಲಿ ಹುಡುಗನು ಮನೆಯಲ್ಲಿ ಹೇಳದೆ ವಿಶಾಖಪಟ್ಟಣದ ಕಡೆಗೆ ಹೊರಟುಹೋದನು. ಮರುವರ್ಷ ಮದರಾಸಿನ ಪಚ್ಚೈಯಪ್ಪ ಕಾಲೇಜಿನಲ್ಲಿ ಮತ್ತೆ ಪ್ರಯತ್ನಿಸಿದ್ದಾಯಿತು, ಪದವಿಗೆ ಮುಂಚಿನ ಎಫ್.ಎ. ಪರೀಕ್ಷೆ ಅಲ್ಲಿಯೂ ಕೈಗೂಡಲಿಲ್ಲ. ಗಣಿತದ ಉತ್ತರಪತ್ರಿಕೆಯನ್ನು ಅನಾಯಾಸವಾಗಿ ಬರೆದು ಮುಗಿಸುತ್ತಿದ್ದವನು ಶರೀರಶಾಸ್ತ್ರದ ಪತ್ರಿಕೆಯ ಎದುರು ಸೋತು ಕುಳಿತನು.

ಮುಂದೆ ನೆಲ್ಲೂರಿನ ಕಲೆಕ್ಟರರಾಗಿದ್ದ ರಾಮಚಂದ್ರ ರಾಯರು ತಿಂಗಳಿಗೆ ಇಪ್ಪತ್ತೈದು ರೂಪಾಯಿಯನ್ನು ತಮ್ಮ ಕೈಯಿಂದ ಕೊಟ್ಟರು. 1912ರಲ್ಲಿ ಮದರಾಸು ಬಂದರು ಮಂಡಳಿಯಲ್ಲಿ ಮೂವತ್ತು ರೂಪಾಯಿಯ ಗುಮಾಸ್ತಿಕೆ ದೊರೆಯಿತು. ಕೇಂಬ್ರಿಜ್ಜಿನ ಗಣಿತಜ್ಞ ಹಾರ್ಡಿಗೆ ಬರೆದ ಪತ್ರದ ಕಥೆ ಎಲ್ಲರಿಗೂ ತಿಳಿದುದೇ ಆಗಿದೆ. ಅಷ್ಟಾಗಿ ಹೆಸರು ಮಾಡದ, ಆದರೆ ಪ್ರಕೃತ ವಿಷಯಕ್ಕೆ ಅದಕ್ಕಿಂತ ಹತ್ತಿರವಾದ ಸಂಗತಿ 1913ರಲ್ಲಿ ಮದರಾಸು ವಿಶ್ವವಿದ್ಯಾನಿಲಯದಲ್ಲಿ ನಡೆಯಿತು. ಸಂಶೋಧನ ವೇತನವು ಎಂ.ಎ. ಪದವೀಧರರಿಗೆ ಮಾತ್ರ ಸಲ್ಲತಕ್ಕದ್ದೆಂದು ನಿಯಮವಿದ್ದಿತು, ಇಲ್ಲಿ ಎಫ್.ಎ. ಕೂಡ ಆಗದ ಗುಮಾಸ್ತನ ಹೆಸರು ಸಿಂಡಿಕೇಟಿನ ಮುಂದೆ ಬಂದಿತ್ತು. ನಿಯಮದ ಅಕ್ಷರವನ್ನು ಹಿಡಿದವರು ಆಗದೆಂದರು. ಸಂಶೋಧನೆಯನ್ನು ಬೆಳೆಸುವುದು ವಿಶ್ವವಿದ್ಯಾನಿಲಯದ ಧ್ಯೇಯಗಳಲ್ಲೊಂದೆಂದು ಅದರ ಶಾಸನದ ಪೀಠಿಕೆಯೇ ಹೇಳುತ್ತಿರುವಾಗ ನಿಯಮವು ಆ ಧ್ಯೇಯಕ್ಕೆ ಅಡ್ಡ ಬರಬಾರದೆಂಬ ವಾದ ಗೆದ್ದಿತು. ತಿಂಗಳಿಗೆ ಎಪ್ಪತ್ತೈದು ರೂಪಾಯಿ, ಎರಡು ವರ್ಷ, ಮೂರು ತಿಂಗಳಿಗೊಮ್ಮೆ ಒಂದು ವರದಿ: ಷರತ್ತು ಇಷ್ಟೆ. ಕುಂಭಕೋಣದ ವೇತನವು ಆ ವಿದ್ಯಾರ್ಥಿಯಿಂದ ಆತನಲ್ಲಿಲ್ಲದುದನ್ನು ಕೇಳಿತು. ಮದರಾಸಿನದು ಇದ್ದುದನ್ನು ಕೇಳಿತು. ಪೀಠಿಕೆಯನ್ನು ತೆಗೆದು ಓದುವಷ್ಟು ವ್ಯವಧಾನವುಳ್ಳ ಸಮಿತಿಗಳು ನಮ್ಮಲ್ಲಿ ಇಂದಿಗೂ ಅಪರೂಪ.

ಅದೇ 1913ರ ಜೂನ್ ತಿಂಗಳಿನಲ್ಲಿ ಬರೋಡಾ ಸಂಸ್ಥಾನದ ಅಧಿಕಾರಿಯೊಬ್ಬರ ಮುಂದೆ ಇಪ್ಪತ್ತೆರಡು ವಯಸ್ಸಿನ ಭೀಮರಾವ್ ಅಂಬೇಡ್ಕರರು ಒಂದು ಕರಾರುಪತ್ರಕ್ಕೆ ರುಜು ಹಾಕುತ್ತಿದ್ದರು. ಎಲ್ಫಿನ್‌ಸ್ಟನ್ ಕಾಲೇಜಿನಲ್ಲಿ ಓದುವಾಗಲೇ ಮಹಾರಾಜ ಸಯಾಜಿರಾವ್ ಗಾಯಕವಾಡರಿಂದ ತಿಂಗಳಿಗೆ ಇಪ್ಪತ್ತೈದು ರೂಪಾಯಿ ಪಡೆದಿದ್ದವರಿಗೆ ಈಗ ನ್ಯೂಯಾರ್ಕಿನ ಕೊಲಂಬಿಯ ವಿಶ್ವವಿದ್ಯಾನಿಲಯದಲ್ಲಿ ಮೂರು ವರ್ಷ ಓದುವುದಕ್ಕೆ ತಿಂಗಳಿಗೆ ಹನ್ನೊಂದೂವರೆ ಪೌಂಡು. ಓದು ಮುಗಿದ ಬಳಿಕ ಹತ್ತು ವರ್ಷ ಸಂಸ್ಥಾನದ ಸೇವೆ. ಅವರು ಅರ್ಥಶಾಸ್ತ್ರವನ್ನೂ, ಅದರೊಡನೆ ಕೈಗೆ ಸಿಕ್ಕಿದ ಇತರ ಶಾಸ್ತ್ರಗಳನ್ನೂ ಹಸಿದವರಂತೆ ಓದಿ, 1915ರಲ್ಲಿ ಎಂ.ಎ. ಮುಗಿಸಿ, ಮರುವರ್ಷ ಲಂಡನ್ನಿಗೆ ಹೋದರು. 1917ರಲ್ಲಿ ವೇತನದ ಅವಧಿ ತೀರಿತು. ಲಂಡನ್ನಿನ ವ್ಯಾಸಂಗವನ್ನು ನಡುವೆ ನಿಲ್ಲಿಸಿ ಹಿಂದಿರುಗಬೇಕಾಯಿತು. ಕರಾರಿನಂತೆ ಬರೋಡಾ ಸೇವೆಗೆ ಹಾಜರಾದರೆ, ಆ ನಗರದಲ್ಲಿ ಅಸ್ಪೃಶ್ಯನಿಗೆ ಬಾಡಿಗೆಗೆ ಒಂದು ಕೋಣೆ ಸಿಕ್ಕಲಿಲ್ಲ. ಕೊಲಂಬಿಯದ ಖರ್ಚು ಹೊತ್ತ ಸಂಸ್ಥಾನಕ್ಕೆ ತನ್ನ ರಾಜಧಾನಿಯಲ್ಲಿ ಆತನಿಗೊಂದು ಸೂರನ್ನು ಒದಗಿಸುವುದು ಸಾಧ್ಯವಾಗಲಿಲ್ಲವೆಂಬುದು ವಿಷಾದಕರವಾದ ಸತ್ಯ. ಅವರು ಮುಂಬಯಿಗೆ ಮರಳಿ, ಅಧ್ಯಾಪಕ ವೃತ್ತಿಯಿಂದ ಹಣ ಕೂಡಿಸಿ, ಕೊಲ್ಹಾಪುರದ ಶಾಹು ಮಹಾರಾಜರ ನೆರವನ್ನೂ ಪಡೆದು 1920ರಲ್ಲಿ ಮತ್ತೆ ಲಂಡನ್ನಿಗೆ ತೆರಳಿ, ಅಲ್ಲಿಯ ಡಿ.ಎಸ್‌ಸಿ. ಪದವಿಯನ್ನು 1923ರಲ್ಲಿ ಗಳಿಸಿದರು.

ಅರಸರ ಔದಾರ್ಯದಿಂದ ಓದಿದ ಅಂಬೇಡ್ಕರರಿಗೆ ಔದಾರ್ಯದ ಮಿತಿ ಅನುಭವದಿಂದಲೇ ತಿಳಿದಿರಬೇಕು. ವೈಸರಾಯರ ಕಾರ್ಯಾಂಗ ಮಂಡಳಿಯಲ್ಲಿ ಸದಸ್ಯರಾದೊಡನೆ, 1942ರಲ್ಲಿ, ಪರಿಶಿಷ್ಟ ಜಾತಿಗಳ ಉನ್ನತ ವಿದ್ಯಾಭ್ಯಾಸಕ್ಕೆ ಕೇಂದ್ರದ ಬೊಕ್ಕಸದಿಂದ ಹಣ ತೆಗೆದಿರಿಸಬೇಕೆಂದು ಅವರು ಮನವಿ ಸಲ್ಲಿಸಿದರು. 1944ರಲ್ಲಿ ಮೆಟ್ರಿಕ್ ನಂತರದ ವಿದ್ಯಾರ್ಥಿವೇತನ ಯೋಜನೆ ಆರಂಭವಾಯಿತು. ಇಂದು ಕರ್ನಾಟಕದ ಯಾವ ಪದವಿ ಕಾಲೇಜಿನ ಸೂಚನಾ ಫಲಕದ ಮುಂದೆ ನಿಂತರೂ ಕಾಣುವ ‘ಪೋಸ್ಟ್ ಮೆಟ್ರಿಕ್’ ಎಂಬ ಶೀರ್ಷಿಕೆಯ ಮೂಲ ಅದು. ಇಲ್ಲಿಯ ಅಳತೆ ಬೇರೆ: ಪ್ರವೇಶ ದೊರೆತಿರಬೇಕು, ಕುಟುಂಬದ ವಾರ್ಷಿಕ ಆದಾಯ ಗೊತ್ತುಪಡಿಸಿದ ಮಿತಿಯೊಳಗಿರಬೇಕು. ಪರಿಶಿಷ್ಟ ಜಾತಿಯವರಿಗೆ ಈಗ ಆ ಮಿತಿ ಎರಡೂವರೆ ಲಕ್ಷ ರೂಪಾಯಿ. ಅರ್ಹನಾದವನು ಇನ್ನೊಬ್ಬನನ್ನು ಸೋಲಿಸಿ ಪಡೆಯಬೇಕಾದುದಲ್ಲ.

ಸೋಲಿಸಿ ಪಡೆಯುವ ಬಗೆಯೂ ಬೇಕಷ್ಟಿದೆ. 1963ರಲ್ಲಿ ದೆಹಲಿಯಲ್ಲಿ ಹತ್ತೇ ಹತ್ತು ಮಂದಿಗೆಂದು ಪ್ರಾರಂಭವಾಗಿ, ಮರುವರ್ಷ ದೇಶಕ್ಕೆಲ್ಲ ವಿಸ್ತರಿಸಿದ ರಾಷ್ಟ್ರೀಯ ಪ್ರತಿಭಾನ್ವೇಷಣೆಯು ಆದಿಯಲ್ಲಿ ವಿಜ್ಞಾನಕ್ಕೆ ಸೀಮಿತವಾಗಿದ್ದು, ಲಿಖಿತ ಪರೀಕ್ಷೆಯ ಜೊತೆಗೆ ವಿದ್ಯಾರ್ಥಿಯು ಸ್ವತಃ ಕೈಗೊಂಡ ಪ್ರಯೋಗದ ವರದಿಯನ್ನೂ ಸಂದರ್ಶನವನ್ನೂ ಅಪೇಕ್ಷಿಸುತ್ತಿತ್ತು. ಕಾಲಕ್ರಮದಲ್ಲಿ ವರದಿ ಹೋಗಿ, ನಾಲ್ಕರಲ್ಲೊಂದು ಉತ್ತರಕ್ಕೆ ಗುರುತು ಹಾಕುವ ಪರೀಕ್ಷೆ ಉಳಿಯಿತು. ಅಲ್ಲಿಗೆ ತರಬೇತಿ ಕೇಂದ್ರಗಳ ಕೆಲಸ ಸುಗಮವಾಯಿತು. ಮೂಲವಿಜ್ಞಾನಕ್ಕೆ ತರುಣರನ್ನು ಸೆಳೆಯಲು 1999ರಲ್ಲಿ ಆರಂಭಿಸಿ ಬೆಂಗಳೂರಿನ ಭಾರತೀಯ ವಿಜ್ಞಾನ ಸಂಸ್ಥೆಯು ನಡೆಸುತ್ತಿದ್ದ ಕಿಶೋರ್ ವೈಜ್ಞಾನಿಕ್ ಪ್ರೋತ್ಸಾಹನ್ ಯೋಜನೆಯು ಬಿ.ಎಸ್‌ಸಿ. ಓದುವವರಿಗೆ ತಿಂಗಳಿಗೆ ಐದು ಸಾವಿರ ರೂಪಾಯಿ ಕೊಡುತ್ತಿತ್ತು. ಅದರ ಆಯ್ಕೆ ಪರೀಕ್ಷೆಯನ್ನು ಐ.ಐ.ಟಿ.ಯ ದಾರಿಯಲ್ಲಿ ಒಂದು ಪೂರ್ವಾಭ್ಯಾಸವೆಂದು ಬರೆದು, ಗೆದ್ದು, ಎಂಜಿನಿಯರಿಂಗಿಗೆ ಹೊರಟುಹೋದವರನ್ನು ಬಹುಮಂದಿ ಬಲ್ಲರು. ಪ್ರತಿಭಾನ್ವೇಷಣೆ 2021ರಲ್ಲಿ ನಿಂತಿತು, ಕಿಶೋರ್ ಯೋಜನೆಯು 2022ರಲ್ಲಿ ಇನ್ನೊಂದು ಯೋಜನೆಯಲ್ಲಿ ಲೀನವಾಯಿತು. ತರಬೇತಿಗೆ ಹಣ ತೆರಬಲ್ಲವನೇ ಹಣದ ನೆರವಿಗೆ ಮೊದಲಿಗನಾಗುವ ಈ ವಕ್ರತೆಯನ್ನು ಪರೀಕ್ಷೆಯ ಪ್ರಶ್ನೆಗಳನ್ನು ತಿದ್ದುವುದರಿಂದ ಮಾತ್ರ ಸರಿಪಡಿಸಬಹುದೆಂದು ನಾನು ನಂಬಲಾರೆ.

ಕೊಟ್ಟುದಕ್ಕೆ ಪ್ರತಿಯಾಗಿ ಹಣವನ್ನೋ ದುಡಿಮೆಯನ್ನೋ ಮರಳಿ ಬಯಸುವ ಬಗೆಯೂ ಉಂಟು. ವಿದೇಶಕ್ಕೆ ಹೋಗುವವರಿಗೆ ಜಮ್‌ಷೆಟ್‌ಜಿ ಟಾಟಾ ಅವರು 1892ರಲ್ಲಿ ಸ್ಥಾಪಿಸಿದ ನಿಧಿಯು ಸಾಲದ ರೂಪದ ವೇತನವನ್ನು ಕೊಡುತ್ತ ಬಂದಿದೆ. ಅಮೆರಿಕದಲ್ಲಿ ಪಿಎಚ್.ಡಿ. ಮಾಡುವವರು ‘ಫಂಡಿಂಗ್’ ಎಂದು ಕರೆಯುವುದು ಬಹುಪಾಲು ಕೂಲಿಯೇ: ಕಿರಿಯ ತರಗತಿಗಳಿಗೆ ಪಾಠ ಹೇಳಿ, ಉತ್ತರಪತ್ರಿಕೆ ತಿದ್ದಿ, ಇಲ್ಲವೆ ಪ್ರಾಧ್ಯಾಪಕರ ಪ್ರಯೋಗಾಲಯದಲ್ಲಿ ದುಡಿದು ಸಂಪಾದಿಸತಕ್ಕದ್ದು.

ನಮ್ಮ ನಾಡಿನ ಸಾಮಾನ್ಯ ವಿದ್ಯಾರ್ಥಿಯ ಹೋರಾಟವಾದರೋ ಪರೀಕ್ಷಾ ಮಂದಿರದಲ್ಲಿ ನಡೆಯುವುದಲ್ಲ, ಕಾಗದಪತ್ರಗಳ ನಡುವೆ ನಡೆಯುವುದು. ಎಸ್‌ಎಸ್‌ಪಿ ಎಂದು ಹುಡುಗರು ಕರೆಯುವ ರಾಜ್ಯದ ವಿದ್ಯಾರ್ಥಿವೇತನ ಪೋರ್ಟಲ್ಲಿನಲ್ಲಿ ಅರ್ಜಿ ತುಂಬುವುದಕ್ಕೆ ಮೊದಲು ನಾಡಕಚೇರಿಯಿಂದ ಜಾತಿ ಮತ್ತು ಆದಾಯ ಪ್ರಮಾಣಪತ್ರ ತಂದು ಅದರ ಆರ್.ಡಿ. ಸಂಖ್ಯೆಯನ್ನು ನಮೂದಿಸಬೇಕು, ದಾಖಲೆಗಳಿಗೆ ಕಾಲೇಜಿನಲ್ಲಿ ಇ-ದೃಢೀಕರಣ ಮಾಡಿಸಬೇಕು, ಬ್ಯಾಂಕಿನ ಖಾತೆಗೆ ಆಧಾರ್ ಜೋಡಣೆಯಾಗಿರಬೇಕು. ಎಸ್.ಎಸ್.ಎಲ್.ಸಿ. ಅಂಕಪಟ್ಟಿಯಲ್ಲಿ ತಂದೆಯ ಹೆಸರಿನ ಮೊದಲಕ್ಷರ ಹಿಂದೆ, ಆಧಾರಿನಲ್ಲಿ ಮುಂದೆ. ಒಂದರಲ್ಲಿ ‘ಮಂಜುನಾಥ’, ಇನ್ನೊಂದರಲ್ಲಿ ‘ಮಂಜುನಾಥ್’. ಮನುಷ್ಯನು ನೋಡಿದರೆ ನಕ್ಕು ಬಿಡುವ ಈ ಭೇದವನ್ನು ಯಂತ್ರವು ಕ್ಷಮಿಸದು. ತಿದ್ದುಪಡಿಗೆಂದು ಹೊರಟವನಿಗೆ ಒಂದು ದಿನದ ತರಗತಿಯೂ, ಅವನ ಜೊತೆಗೆ ಬಂದ ತಂದೆಗೆ ಒಂದು ದಿನದ ಕೂಲಿಯೂ ನಷ್ಟ. ತಂದೆ ತಾಯಂದಿರು ಓದಿದವರಾದ ಮನೆಯಲ್ಲಿ ಇದೆಲ್ಲ ಒಂದು ಸಂಜೆಯ ಕೆಲಸ. ಆದಾಯದ ಮಿತಿಯೊಳಗೇ ಇದ್ದರೂ ದಾಖಲೆಯನ್ನು ಒಪ್ಪವಾಗಿ ಇಟ್ಟುಕೊಂಡ ಕುಟುಂಬಕ್ಕೆ ಹಣ ಮೊದಲು ಸೇರುತ್ತದೆ. ಸ್ಪರ್ಧೆಯೇ ಇಲ್ಲವೆಂದು ಹೇಳಿದ ಯೋಜನೆಯೊಳಗೂ ಹೀಗೊಂದು ಸ್ಪರ್ಧೆ ಸದ್ದಿಲ್ಲದೆ ನಡೆಯುತ್ತಿರುತ್ತದೆ.

ಇಷ್ಟಾದರೂ ಹಣ ಖಾತೆಗೆ ಬರುವುದು ಸಾಮಾನ್ಯವಾಗಿ ಶುಲ್ಕ ಕಟ್ಟುವ ದಿನ ಕಳೆದ ಮೇಲೆ. ನಡುವಣ ತಿಂಗಳುಗಳಿಗೆ ಕೈಸಾಲವೇ ಗತಿ. ಊರಿನ ಸೈಬರ್ ಅಂಗಡಿಯವನು ಅವಸರದಲ್ಲಿ ಅರ್ಜಿ ತುಂಬುವಾಗ, ಹುಡುಗಿಯ ಬಳಿ ಫೋನಿಲ್ಲವೆಂದು ತನ್ನದೇ ಮೊಬೈಲ್ ಸಂಖ್ಯೆಯನ್ನು ಹಾಕಿಬಿಡುವುದುಂಟು. ಮರುವರ್ಷ ಆಕೆ ನವೀಕರಣಕ್ಕೆಂದು ಕಾಲೇಜಿನ ಗಣಕದ ಮುಂದೆ ಕುಳಿತರೆ ಒ.ಟಿ.ಪಿ. ಆತನ ಫೋನಿಗೆ ಹೋಗುತ್ತದೆ. ಆತನು ಅಷ್ಟರಲ್ಲಿ ಸಂಖ್ಯೆಯನ್ನು ಬದಲಾಯಿಸಿದ್ದರೆ, ಆಕೆ ಮೊದಲು ಪೋರ್ಟಲ್ಲಿನ ತನ್ನ ಖಾತೆಯಲ್ಲಿರುವ ಮೊಬೈಲ್ ಸಂಖ್ಯೆಯನ್ನು ತಿದ್ದಿಸಿಕೊಂಡು ಬಂದು, ಆ ಬಳಿಕ ಅರ್ಜಿಯನ್ನು ತೆರೆಯಬೇಕಾಗುತ್ತದೆ.